ತಾಳಕ್ಕೆ ಬೀಳುವ ಹೊಡೆತ

‘ಪ್ರಾಜೆಕ್ಟ್ ಅರಿದ್ಮಿಯಾ’ ಆಟದಲ್ಲಿ ನಿಮ್ಮ ಕೈಗೆ ಬಂದೂಕು ಸಿಗುವುದಿಲ್ಲ. ಪರದೆಯ ಮೇಲೊಂದು ಪುಟ್ಟ ಚೌಕ, ಅದೇ ನೀವು. ಹಾಡು ಶುರುವಾದದ್ದೇ ತಡ, ನಾಲ್ಕೂ ಕಡೆಯಿಂದ ಗೆರೆ, ಚಕ್ರ, ತ್ರಿಕೋನಗಳು ನುಗ್ಗಿ ಬರುತ್ತವೆ. ತಪ್ಪಿಸಿಕೊಳ್ಳುತ್ತಾ ಹಾಡಿನ ಕೊನೆ ಮುಟ್ಟಬೇಕು. ಗುಂಡಿನ ಮಳೆಯಲ್ಲಿ ನುಸುಳಿ ಬದುಕುವ ಈ ಬಗೆಯ ಆಟಗಳಿಗೆ ‘ಬುಲೆಟ್ ಹೆಲ್’ ಎನ್ನುತ್ತಾರೆ. 2018ರಲ್ಲಿ ಕೆನಡಾದ ಬರ್ಜರ್ಕ್ ಸ್ಟುಡಿಯೊ ಹೊರತಂದ ‘ಜಸ್ಟ್ ಶೇಪ್ಸ್ ಆ್ಯಂಡ್ ಬೀಟ್ಸ್’ ಇದಕ್ಕೆ ಸಂಗೀತದ ಲಯವನ್ನು ಬಿಗಿಯಾಗಿ ಜೋಡಿಸಿತ್ತು. ಮರುವರ್ಷ ಸ್ಟೀಮ್ ಎಂಬ ಆನ್‌ಲೈನ್ ಆಟದಂಗಡಿಗೆ ಬಂದ ಅರಿದ್ಮಿಯಾ ಲೆವೆಲ್ ಕಟ್ಟುವ ಎಡಿಟರನ್ನೇ ಆಟಗಾರರ ಕೈಗೆ ಕೊಟ್ಟಿತು. ಈ ಆಟದ ಜೀವ ಇರುವುದು ಆಟಗಾರರೇ ಕಟ್ಟಿ ಹಂಚಿಕೊಂಡ ಲೆವೆಲ್‌ಗಳಲ್ಲಿ.

ಕಟ್ಟುವುದು ಸಣ್ಣ ಕೆಲಸವಲ್ಲ. ಎಡಿಟರಿನ ಕೆಳಗೆ ಹಾಡಿನ ಟೈಮ್‌ಲೈನ್ ಹರಡಿಕೊಂಡಿರುತ್ತದೆ. ಒಂದು ಆಕಾರ ಯಾವ ಕ್ಷಣಕ್ಕೆ ಎಲ್ಲಿರಬೇಕು, ಎಷ್ಟು ದೊಡ್ಡದಾಗಬೇಕು, ಎಷ್ಟು ತಿರುಗಬೇಕು, ಯಾವ ಬಣ್ಣ ತಾಳಬೇಕು ಎಂದು ಹೇಳುವ ಗುರುತುಗಳೇ ಕೀಫ್ರೇಮ್‌ಗಳು; ಕೀಫ್ರೇಮ್ ಮೇಲೆ ಕೀಫ್ರೇಮ್ ಇಡುತ್ತಾ ಹೋಗಬೇಕು. ಮೂರು ನಿಮಿಷದ ಹಾಡಿಗೆ ಇಂಥ ಆಕಾರಗಳು ನೂರಾರು. ಆ ತಾಳ್ಮೆಗೆ ನಾನು ತಲೆಬಾಗುತ್ತೇನೆ.

ಒಳ್ಳೆಯ ಲೆವೆಲ್ ಏನು ಮಾಡುತ್ತದೆ ನೋಡಿ. ಪರದೆಯ ನಡುವೆ ಮಸುಕಾದ ಪಟ್ಟಿಯೊಂದು ಮೂಡುತ್ತದೆ. ಎಡಿಟರಿನಲ್ಲಿ ಇದಕ್ಕೆ ‘ಹೆಲ್ಪರ್’ ಎಂದು ಹೆಸರು, ಮುಟ್ಟಿದರೂ ಏನೂ ಆಗದು. ಡ್ರಮ್ಮಿನ ಪೆಟ್ಟು ಬಿದ್ದ ಕ್ಷಣಕ್ಕೆ ಅದೇ ಜಾಗದಲ್ಲಿ ಗಟ್ಟಿ ಬಣ್ಣದ ಕಂಬ ಎದ್ದು ನಿಲ್ಲುತ್ತದೆ. ಮುಂದಿನ ಸಲ ಈ ಮುನ್ಸೂಚನೆಯ ಅವಧಿ ಅರ್ಧಕ್ಕೆ ಇಳಿಯುತ್ತದೆ. ನಾಲ್ಕನೆಯ ಸಲಕ್ಕೆ ಕಣ್ಣಿಗಿಂತ ಮೊದಲು ಕಿವಿಯೇ ಬೆರಳನ್ನು ಓಡಿಸುತ್ತದೆ. ಹಾಡು ತಗ್ಗಿದಾಗ ಪರದೆಯೂ ಖಾಲಿಯಾಗುತ್ತದೆ. ಆ ಖಾಲಿಯಲ್ಲಿ ಒಂದೇ ಒಂದು ಚುಕ್ಕಿ ನಿಧಾನಕ್ಕೆ ತೇಲಿ ಬಂದರೂ ಎದೆ ಹೊಡೆದುಕೊಳ್ಳುತ್ತದೆ. ಇದು ಹಾಡನ್ನು ಕೇಳಿಸಿಕೊಂಡವರು ಕಟ್ಟಿದ ಲೆವೆಲ್.

ಆದರೆ ಎಷ್ಟೋ ಲೆವೆಲ್‌ಗಳು ನೋಡುವುದಕ್ಕೆ ಕಟ್ಟಿದವು, ಆಡುವುದಕ್ಕಲ್ಲ. ತಾಗದ ಅಲಂಕಾರಕ್ಕೂ ತಾಗುವ ಗುಂಡಿಗೂ ಒಂದೇ ಬಣ್ಣ. ಅದರ ಮೇಲೆ ಕ್ಯಾಮೆರಾ ಅಲುಗಾಟ, ಕಣ್ಣು ಕುಕ್ಕುವ ಬೆಳಕು. ಹಾಡಿನಲ್ಲಿರುವ ಪ್ರತಿ ಸದ್ದಿಗೂ ಒಂದೊಂದು ದಾಳಿ ಇಟ್ಟಿರುತ್ತಾರೆ. ಯಾವ ಸದ್ದನ್ನು ಹಿಡಿದು ಓಡಬೇಕೆಂದೇ ತಿಳಿಯದು. ಪೆಟ್ಟು ಯಾವುದರಿಂದ ಬಿತ್ತೆಂದು ಗೊತ್ತಾಗುವ ಮೊದಲೇ ಹಿಂದಿನ ಚೆಕ್‌ಪಾಯಿಂಟ್‌ಗೆ ಮರಳಿರುತ್ತೇವೆ. ಕಟ್ಟಿದವರಿಗೆ ಪ್ರತಿ ಕಂಬದ ಜಾಗವೂ ಬಾಯಿಪಾಠ, ಹಾಗಾಗಿ ಈ ಗೊಂದಲ ಅವರಿಗೆ ಕಾಣುವುದೇ ಇಲ್ಲ. ಅರಿದ್ಮಿಯಾ ಎಂದರೆ ಹೃದಯದ ಬಡಿತ ಲಯ ತಪ್ಪುವುದು. ಇಂಥ ಲೆವೆಲ್‌ಗಳಲ್ಲಿ ತಪ್ಪಿರುವುದೂ ಅದೇ.

ಕಷ್ಟದ ಬಗ್ಗೆ ನನ್ನ ತಕರಾರಿಲ್ಲ. ಹತ್ತು ಸಲ ಸೋತು ಹನ್ನೊಂದನೆಯ ಸಲ ದಾಟುವ ಸುಖಕ್ಕೇ ನಾವು ಈ ಆಟಕ್ಕೆ ಕೂರುವುದು. ಆದರೆ ಸೋತಾಗ ತಪ್ಪು ನನ್ನದೆಂದು ನನಗೆ ಕಾಣಬೇಕು. ಅದು ಕಾಣಿಸದ ಲೆವೆಲ್ ಎಷ್ಟೇ ಚೆಂದವಿರಲಿ, ಕೆಟ್ಟ ಲೆವೆಲ್.

ಲೆವೆಲ್ ಕಟ್ಟುವವರಲ್ಲಿ ಒಂದು ಕೋರಿಕೆ. ಹಂಚುವ ಮೊದಲು, ಆ ಹಾಡನ್ನು ಕೇಳಿಯೇ ಇಲ್ಲದ ಗೆಳೆಯರೊಬ್ಬರಿಗೆ ಆಡಲು ಕೊಡಿ. ಪಕ್ಕದಲ್ಲಿ ಸುಮ್ಮನೆ ಕುಳಿತಿರಿ. ಪೆಟ್ಟು ಬಿದ್ದಾಗಲೆಲ್ಲ ಯಾವುದು ತಾಗಿತೆಂದು ಕೇಳಿ. ಅವರು ಉತ್ತರ ಹೇಳಲಾಗದ ಕಡೆ ನಿಮ್ಮ ಕೀಫ್ರೇಮ್ ತಿದ್ದಿ.