ಕಿಟಕಿಯಾಚೆಯ ಕಾಲುಸಂಕೋಲೆ

ಹತ್ತೊಂಬತ್ತನೇ ಶತಮಾನದ ರೈಲು ಪ್ರಯಾಣದ ಬಗ್ಗೆ ಯಾರು ಬರೆಯಹೊರಟರೂ, ವೋಲ್ಫ್‌ಗಾಂಗ್ ಶಿವೆಲ್‌ಬುಶ್ 1977ರಲ್ಲಿ ಜರ್ಮನ್ ಭಾಷೆಯಲ್ಲಿ ಪ್ರಕಟಿಸಿದ ಪುಸ್ತಕಕ್ಕೆ ಕೈಮುಗಿದೇ ಶುರುಮಾಡುತ್ತಾರೆ. ಅದರ ಎರಡು ವಾದಗಳು ಈಗ ಗಾದೆಗಳಾಗಿಬಿಟ್ಟಿವೆ. ರೈಲಿನ ವೇಗ ಹತ್ತಿರದ್ದನ್ನೆಲ್ಲ ಅಳಿಸಿ, ದೂರದ ನೋಟವನ್ನಷ್ಟೇ ಸುರುಳಿಚಿತ್ರದಂತೆ ಬಿಚ್ಚಿತು ಎಂಬುದು ಒಂದು. ಯುರೋಪಿನ ಮುಚ್ಚಿದ ಕಂಪಾರ್ಟ್‌ಮೆಂಟು ಕುದುರೆಗಾಡಿಯ ಕೂಸು. ನದಿಯ ಹಬೆದೋಣಿಯನ್ನು ಹೋಲುವ ಅಮೆರಿಕದ ಉದ್ದನೆಯ ತೆರೆದ ಡಬ್ಬಿಯೋ ಅಲ್ಲಿನ ಪ್ರಜಾಸತ್ತೆಗೆ ಹೇಳಿಮಾಡಿಸಿದ್ದು ಎಂಬುದು ಇನ್ನೊಂದು. ಪುಸ್ತಕ ಸೂಕ್ಷ್ಮವಾದದ್ದು, ಅದರಿಂದ ನಾನೂ ಕಲಿತಿದ್ದೇನೆ. ಆದರೆ ಅಮೆರಿಕದ ಮಟ್ಟಿಗೆ ಅದಕ್ಕೆ ಸಂದ ಕೀರ್ತಿ ಅತಿಯಾಯಿತು. ಆ ದೇಶದ ರೈಲನ್ನು ಅರಿಯಲು ಮೊದಲು ಓದಬೇಕಾದದ್ದು ಆನಾ ಜೂಲಿಯಾ ಕೂಪರ್ ಅವರ 1892ರ 'ಎ ವಾಯ್ಸ್ ಫ್ರಮ್ ದ ಸೌತ್'.

ಕೂಪರ್ ಗುಲಾಮಗಿರಿಯಲ್ಲಿ ಹುಟ್ಟಿ, ಶಿಕ್ಷಕಿಯಾಗಿ, 1925ರಲ್ಲಿ ಪ್ಯಾರಿಸ್ಸಿನ ಸೋರ್ಬೋನಿನಿಂದ ಡಾಕ್ಟರೇಟ್ ಪಡೆದವರು. ಸ್ವಾತಂತ್ರ್ಯ ಕುರಿತ ಅವರ ಮಾತೊಂದನ್ನು ಅಮೆರಿಕದ ಪಾಸ್‌ಪೋರ್ಟಿನಲ್ಲಿ ಅಚ್ಚು ಹಾಕಿದ್ದಾರೆ. ಅವರು ಪ್ರಯಾಣದ ಬಗ್ಗೆಯೇ ಬರೆದ ಪುಟಗಳನ್ನು ಮಾತ್ರ ಗದ್ಯವೆಂದು ಓದಿದವರು ಕಡಿಮೆ.

ಆ ಪುಸ್ತಕದ ಒಂದು ಪ್ರಬಂಧದಲ್ಲಿ, ದಕ್ಷಿಣದ ರಾಜ್ಯವೊಂದರಲ್ಲಿ ರೈಲು ಹೋಗುತ್ತಿದೆ. ಕಿಟಕಿಯಾಚೆ, ಖಾಸಗಿಯವರ ಜಮೀನಿನಲ್ಲಿ ಕೈದಿಗಳು ದುಡಿಯುತ್ತಿದ್ದಾರೆ. ಅವರಲ್ಲಿ ಹದಿನಾಲ್ಕರಿಂದ ಹದಿನೆಂಟರ ಹುಡುಗರ ಗುಂಪುಗಳಿವೆ. ಅವರ ಕಾಲುಗಳನ್ನು ಒಟ್ಟಿಗೆ ಸರಪಳಿಯಲ್ಲಿ ಬಿಗಿದಿದೆ, ಸರಪಳಿಗೆ ಭಾರ ಕಟ್ಟಿದೆ. ಇದು 1850ರ ಮಾತಲ್ಲ, 1890, 91, 92ರದ್ದು ಎಂದು ಕೂಪರ್ ಇಸವಿಯನ್ನು ಒತ್ತಿ ಹೇಳುತ್ತಾರೆ. ಶಿವೆಲ್‌ಬುಶ್ ವಾದದಂತೆ ಮೊದಲು ಮಸುಕಾಗಬೇಕಾದದ್ದು ಹಳಿಯ ಪಕ್ಕದ ಇಂಥ ನೋಟವೇ. ಇಲ್ಲಿ ಅದು ಕಾಲಿನ ಕೊಂಡಿಯವರೆಗೂ ಕಾಣುತ್ತದೆ. 1865ರ ಹದಿಮೂರನೇ ತಿದ್ದುಪಡಿ ಗುಲಾಮಗಿರಿಯನ್ನು ರದ್ದುಮಾಡುವಾಗ, ಅಪರಾಧಕ್ಕೆ ಶಿಕ್ಷೆಯಾಗಿ ವಿಧಿಸುವ ದುಡಿಮೆಯನ್ನು ಹೊರಗಿಟ್ಟಿತ್ತು. ಆ ಸಂದಿನಲ್ಲಿ ಸಿಕ್ಕಿಬಿದ್ದ ಹುಡುಗರು ಇವರು. ಹೊಲದಲ್ಲಿರುವವರು ತನ್ನವರಾಗಿರಬಹುದು ಎಂಬ ಅಳುಕಿಲ್ಲದ ಪ್ರಯಾಣಿಕನಿಗೆ ಮಾತ್ರ ಹೊಲವೊಂದು ಚಿತ್ರಪಟ. ವೇಗದ ಗುಣವೆಂದು ನಾವು ಒಪ್ಪಿಕೊಂಡದ್ದು ಒಂದು ವರ್ಗದ ನಿರಾಳ.

ಮುಂದೆ ರೈಲು ಒಂದು ಪಾಳುಬಿದ್ದ ಸ್ಟೇಷನ್ನಿನಲ್ಲಿ ನಿಲ್ಲುತ್ತದೆ. ಎರಡು ಕೊಳಕು ಕೋಣೆಗಳು. ಒಂದರ ಮೇಲೆ ಹೆಂಗಸರಿಗೆ ಎಂಬ ಬೋರ್ಡು, ಇನ್ನೊಂದರ ಮೇಲೆ ಕರಿಯರಿಗೆ ಎಂಬ ಬೋರ್ಡು. ತಾನು ಯಾವುದರಡಿ ಬರುತ್ತೇನೆಂದು ಕೂಪರ್ ಯೋಚಿಸುತ್ತಾರೆ. ಈ ಅರ್ಧ ವಾಕ್ಯವನ್ನು ಉದ್ಧರಿಸುವ ವಿಮರ್ಶಕರಿಗೇನೂ ಬರವಿಲ್ಲ. ಜನಾಂಗ, ಲಿಂಗಗಳು ಕೂಡುವ ಜಾಗಕ್ಕೆ ಅದನ್ನು ಲಾಂಛನ ಮಾಡಿ, ಹೆಚ್ಚಿನವರು ಅಲ್ಲೇ ಪುಸ್ತಕ ಮುಚ್ಚುತ್ತಾರೆ. ನನ್ನ ತಕರಾರು ಅವರೊಡನೆಯೇ. ವಾಕ್ಯ ಅಲ್ಲಿ ಮುಗಿದಿಲ್ಲ! ಯೋಚಿಸುತ್ತಲೇ ಅವರ ಕಣ್ಣು ಆಚೆ ಸರಿಯುತ್ತದೆ. ಊರಿನ ಏಕೈಕ ಹೋಟೆಲಿನ ಮಾಲೀಕ ಖಾಲಿ ಪೆಟ್ಟಿಗೆಯ ಮೇಲೆ ಕಾಲು ಚಾಚಿ ಕಟ್ಟಿಗೆ ಕೆತ್ತುತ್ತಿದ್ದಾನೆ. ಪಕ್ಕದ ಹೆಂಡದಂಗಡಿಯೊಂದೇ ಅಲ್ಲಿ ಚುರುಕಾಗಿ ನಡೆಯುವ ವ್ಯಾಪಾರ. ಮಿಷನರಿ ಹೆಂಗಸಿಗೆ ಇಲ್ಲಿ ಬೇಕಾದಷ್ಟು ಕೆಲಸವಿದೆ ಎಂದು ಅವರ ಮನಸ್ಸು ಉದ್ಗರಿಸುತ್ತದೆ. ಬೋರ್ಡಿನ ಪ್ರಶ್ನೆ ಅಧೀನ ವಾಕ್ಯದಲ್ಲೇ ಉಳಿಯಿತು, ಪ್ರಧಾನ ವಾಕ್ಯ ಆ ಊರಿನ ಪಾಲಾಯಿತು. ತನ್ನನ್ನು ವಿಂಗಡಿಸಲು ನಿಂತ ಊರನ್ನೇ ಆಕೆ ವಿಚಾರಣೆಗೆ ನಿಲ್ಲಿಸಿದ್ದಾರೆ. ನಮ್ಮ ಕಾವ್ಯಮೀಮಾಂಸೆ ಧ್ವನಿ ಎನ್ನುವುದು ಇಲ್ಲಿ ವಾಕ್ಯರಚನೆಯಲ್ಲೇ ಕೂತಿದೆ. ಅರ್ಧಕ್ಕೆ ಕತ್ತರಿಸಿದವರು ಆಕೆಯನ್ನು ಮತ್ತೆ ಬೋರ್ಡಿನ ಕೆಳಗೇ ನಿಲ್ಲಿಸುತ್ತಾರೆ.

ಪ್ರಶ್ನೆ ಕಾಲ್ಪನಿಕವೂ ಆಗಿರಲಿಲ್ಲ. ಮಹಿಳೆಯರ ಡಬ್ಬಿಯಿಂದ ಎಳೆದುಹಾಕಿಸಿಕೊಂಡ ಕರಿಯ ಶಿಕ್ಷಕಿ ಐಡಾ ಬಿ. ವೆಲ್ಸ್ 1884ರಲ್ಲಿ ಮೊಕದ್ದಮೆ ಗೆದ್ದು 500 ಡಾಲರ್ ಪರಿಹಾರ ಪಡೆದರು; 1887ರಲ್ಲಿ ಟೆನೆಸಿಯ ಸುಪ್ರೀಂ ಕೋರ್ಟ್ ಆ ತೀರ್ಪನ್ನು ತಳ್ಳಿಹಾಕಿತು. ಜನಾಂಗ ಪ್ರತ್ಯೇಕತೆಯನ್ನು ಎತ್ತಿಹಿಡಿದ ಪ್ಲೆಸಿ ಪ್ರಕರಣಕ್ಕೆ ಮುಂದೆ ಕಾರಣವಾದ ಲೂಸಿಯಾನಾದ 1890ರ ಪ್ರತ್ಯೇಕ ಡಬ್ಬಿ ಕಾಯ್ದೆ, ಬೇರೆ ಜನಾಂಗದ ಮಗುವನ್ನು ನೋಡಿಕೊಳ್ಳುವ ದಾದಿಯರಿಗೆ ವಿನಾಯಿತಿ ಕೊಟ್ಟಿತ್ತು. ಬಿಳಿಯರ ಕೂಸು ಮಡಿಲಲ್ಲಿದ್ದರೆ ಕರಿಯ ಹೆಂಗಸು ಬಿಳಿಯರ ಡಬ್ಬಿಯಲ್ಲಿ ಕೂರಬಹುದು. ಕೂಸನ್ನು ಇಳಿಸಿದರೆ ಜಾಗ ಖಾಲಿ ಮಾಡಬೇಕು.

ಕೂಪರ್ ಅವರಲ್ಲಿ ದೋಷವಿಲ್ಲವೆಂದಲ್ಲ. ಸಭ್ಯ ನಡವಳಿಕೆಯ ಮೇಲೆ, ಅದನ್ನು ಕಲಿಸಬಲ್ಲ ಬಿಳಿಯ ಮಹಿಳೆಯರ ಮೇಲೆ ಅವರಿಟ್ಟ ಭರವಸೆ ಅತಿಯಾದದ್ದು. ಆದರೆ ಆ ನಡವಳಿಕೆಯನ್ನು ಅಳೆಯುವಾಗ ಅವರ ಕಣ್ಣು ತಪ್ಪುವುದಿಲ್ಲ. ಅದೇ ಪ್ರಬಂಧದಲ್ಲಿ, ಎತ್ತರದ ಪ್ಲಾಟ್‌ಫಾರಂ ಇಲ್ಲದ ಒಂದು ನಿಲ್ದಾಣ. ಡಬ್ಬಿಯ ಮೆಟ್ಟಿಲಿಗೂ ನೆಲಕ್ಕೂ ದೊಡ್ಡ ಅಂತರ. ಕಂಡಕ್ಟರ್ ಕೆಳಗೊಂದು ಪುಟ್ಟ ಸ್ಟೂಲ್ ಇಟ್ಟು, ಒಬ್ಬೊಬ್ಬ ಹೆಂಗಸಿಗೂ ಕೈಕೊಟ್ಟು, ಚೀಲ ಹಿಡಿದು ಇಳಿಸುತ್ತಾನೆ. ಕರಿಯ ಹೆಂಗಸಿನ ಸರದಿ ಬಂದಾಗ ಕೈಕಟ್ಟಿ ಬೆನ್ನು ತಿರುಗಿಸುತ್ತಾನೆ. ಆಕೆ ತನ್ನ ಚೀಲವನ್ನು ತಾನೇ ಹೊತ್ತು, ತುಟಿ ಬಿಗಿಹಿಡಿದು, ಇಳಿಯುತ್ತಾಳೆ.