ನಾರ್ವೆಯ ಹಳೆಯ ಹಾಡಿಗೆ ಹೊಸ ಜೊತೆ

ನಾರ್ವೆಯ ಟೆಲೆಮಾರ್ಕ್ ಸೀಮೆಯಲ್ಲಿ ಪಕ್ಕವಾದ್ಯವಿಲ್ಲದೆ ಒಬ್ಬರೇ ಕಥನಗೀತೆ ಹಾಡುವ ಹಳೆಯ ಪದ್ಧತಿಯೊಂದುಂಟು. ಅದಕ್ಕೆ ‘ಕ್ವೇಡಿಂಗ್’ ಎನ್ನುತ್ತಾರೆ. ಅದರ ಕೆಲವು ಸ್ವರಗಳು ಪಿಯಾನೋದ ಎರಡು ಮನೆಗಳ ನಡುವೆ ಬೀಳುತ್ತವೆ. ಗಮಕ ಕೇಳಿ ಬೆಳೆದ ನಮ್ಮ ಕಿವಿಗೆ ಇದು ತೀರ ಹೊಸತಲ್ಲ. ಆ ಪರಂಪರೆಯ ಗಾಯಕಿ ಆಗ್ನೆಸ್ ಬೂಯೆನ್ ಗಾರ್ನೋಸ್ 1989ರಲ್ಲಿ ಯಾನ್ ಗಾರ್ಬರೆಕ್ ಜೊತೆಗೂಡಿ ‘ರೋಸೆನ್ಸ್‌ಫೋಲೆ’ ಎಂಬ ಧ್ವನಿಮುದ್ರಿಕೆ ತಂದರು. ಹಾಡುಗಾರಿಕೆ ಆಕೆಯದು, ಸ್ಯಾಕ್ಸಫೋನ್, ಸಿಂಥಸೈಜರ್, ತಾಳವಾದ್ಯ ಎಲ್ಲವೂ ಗಾರ್ಬರೆಕ್ ಒಬ್ಬರದೇ.

ವಾದ್ಯ ಸೇರಿದೊಡನೆ ಜನಪದ ಹಾಡು ಕೆಟ್ಟಿತು ಎನ್ನುವವರು ಇದನ್ನೊಮ್ಮೆ ಕೇಳಬೇಕು. ಹೊಸ ವಾದ್ಯಗಳಿಗಾಗಿ ಗಾರ್ನೋಸ್ ತಮ್ಮ ಕಂಠವನ್ನು ನಯಗೊಳಿಸಿಲ್ಲ. ಅದು ಕಥೆ ಹೇಳುವವರ ನೇರ ದನಿ. ಎಂಥ ಘೋರ ಸಂಗತಿ ಬಂದರೂ ತಾವು ಅಳುವುದಿಲ್ಲ; ಅದನ್ನು ಕೇಳುವವರಿಗೆ ಬಿಡುತ್ತಾರೆ. ಗಾರ್ಬರೆಕ್ ತಂಬೂರಿಯಂತೆ ಹಿಂದೆ ನಿಂತಾಗಲೆಲ್ಲ ಹಾಡು ಮೇಲೇಳುತ್ತದೆ. ಒಂದು ಕಥನಗೀತೆಯಂತೂ ಕಾಲು ಗಂಟೆಗೂ ಮಿಕ್ಕಿದೆ. ಭಾಷೆ ಬಾರದ ನನಗೂ ಬೇಸರ ಬರಲಿಲ್ಲ. ಆದರೆ ಸಿಂಥಸೈಜರಿನ ಮಂಜು ದಟ್ಟವಾದ ಕಡೆ ಮಾತು ಮಸುಕಾಗುತ್ತದೆ. ನನ್ನ ತಕರಾರು ಅಷ್ಟೇ.

ರಾಜ್ಯೋತ್ಸವಕ್ಕೆ ಮಕ್ಕಳಿಗೆ ಜನಪದ ಗೀತೆ ಕಲಿಸುವ ನಮಗೂ ಇಲ್ಲೊಂದು ಪಾಠವಿದೆ. ಕೀಬೋರ್ಡ್ ಇರಲಿ, ಅಡ್ಡಿಯಿಲ್ಲ. ಮೊದಲು ಹಾಡು ಬರಿಗಂಟಲಲ್ಲಿ ನಿಲ್ಲಲಿ. ಟ್ರ್ಯಾಕ್ ಹಾಕಿ ಅದರ ಹಿಂದೆ ಮಕ್ಕಳನ್ನು ಓಡಿಸಿದರೆ ಅವರಿಗೆ ಉಳಿಯುವುದು ತಾಳ ಮಾತ್ರ, ಪದವಲ್ಲ.