ಒಂದು ಪಂದ್ಯಕ್ಕೆ ಮುಗಿಯುವ ಸೀಸನ್

ದೊಡ್ಡಬಳ್ಳಾಪುರದ ಬಳಿಯ ರಾಜಘಟ್ಟ ಎಂದರೆ ಓದುಗರಿಗೆ ನೆನಪಾಗುವುದು 2001ರ ಉತ್ಖನನ, ಅಲ್ಲಿ ಸಿಕ್ಕ ಬೌದ್ಧ ಚೈತ್ಯ, ವಿಹಾರ. ಫುಟ್‌ಬಾಲ್ ಯಾರಿಗೂ ನೆನಪಾಗುವುದಿಲ್ಲ. ದೊಡ್ಡಬಳ್ಳಾಪುರದ ಸುತ್ತಮುತ್ತ ಆ ಮಾತೆತ್ತಿದರೆ ಸಿದ್ಧ ಉತ್ತರವೊಂದು ಸಿಗುತ್ತದೆ: "ಹಳ್ಳಿ ಹುಡುಗ್ರಿಗೆ ಫುಟ್‌ಬಾಲ್ ಒಗ್ಗಲ್ಲ ಬಿಡಿ ಸಾರ್. ಕಬಡ್ಡಿ, ವಾಲಿಬಾಲ್ ಆದ್ರೆ ಆಡ್ತಾರೆ. ಮಿಕ್ಕಿದ್ದನ್ನ ಕ್ರಿಕೆಟ್ ತಿಂದ್ಹಾಕಿದೆ." ಇಂಥ ಊರುಗಳ ಹುಡುಗರನ್ನು ಕಟ್ಟಿಕೊಂಡ ಕಾಲೇಜು ತಂಡ ಅಂತರ ಕಾಲೇಜು ಪಂದ್ಯಾವಳಿಯ ಮೊದಲ ಸುತ್ತಿನಲ್ಲೇ ಸೋತು ಸಂಜೆ ಬಸ್ಸಿಗೆ ಹಿಂತಿರುಗಿದರೆ ಆ ಮಾತಿಗೆ ಪುರಾವೆಯೂ ಸಿಕ್ಕಂತಾಯಿತು. "ಈ ವರ್ಷ ಟೀಮು ಚೆನ್ನಾಗಿರಲಿಲ್ಲ" ಎಂದು ಷರಾ ಬರೆದು ಚೆಂಡನ್ನು ಬೀರುವಿನಲ್ಲಿಟ್ಟು ಬೀಗ ಹಾಕಿದರೆ ಮುಗಿಯಿತು.

ಟೀಮು ಚೆನ್ನಾಗಿತ್ತೋ ಇಲ್ಲವೋ ಎಂದು ಯಾರಿಗೆ ಗೊತ್ತು? ಆಡಿದ್ದೇ ಒಂದು ಪಂದ್ಯ.

ನಮ್ಮ ವಿಶ್ವವಿದ್ಯಾಲಯಗಳ ಅಂತರ ಕಾಲೇಜು ಪಂದ್ಯಾವಳಿ ಸಾಮಾನ್ಯವಾಗಿ ನಾಕೌಟ್. ಲೀಗ್ ಇದ್ದರೂ ಅದು ಕೊನೆಯಲ್ಲಿ ಉಳಿದ ನಾಲ್ಕು ತಂಡಗಳಿಗೆ. 32 ತಂಡಗಳು ಬಂದವೆನ್ನಿ. ನಾಕೌಟ್‌ನಲ್ಲಿ ಒಟ್ಟು 31 ಪಂದ್ಯ. ಅರ್ಧದಷ್ಟು, ಅಂದರೆ 16 ತಂಡಗಳಿಗೆ ಮೊದಲ ಪಂದ್ಯವೇ ಕೊನೆಯದು. ಅವರ ಇಡೀ ಸೀಸನ್ ಒಂದು ಮಧ್ಯಾಹ್ನದೊಳಗೆ ಹುಟ್ಟಿ ಸಾಯುತ್ತದೆ. ಇದೇಕೆ ಹೀಗೆ ಎಂದರೆ, ಈ ಪಂದ್ಯಾವಳಿಯ ನಿಜವಾದ ಕೆಲಸ ವಿದ್ಯಾರ್ಥಿಗಳನ್ನು ಆಡಿಸುವುದಲ್ಲ, ಅಂತರ ವಿಶ್ವವಿದ್ಯಾಲಯ ಟೂರ್ನಿಗೆ ಬೇಗ ಒಂದು ತಂಡ ಆರಿಸಿಕೊಳ್ಳುವುದು. ಅಕಾಡೆಮಿಯಲ್ಲಿ ಪಳಗಿದ ಹುಡುಗರು ನಗರದ ಕಾಲೇಜುಗಳಲ್ಲಿ ಮೊದಲೇ ಇದ್ದಾರೆ. ಮಿಕ್ಕ ಕಾಲೇಜುಗಳು ಹೋಗುವುದು ಅವರ ಗೋಲಿನ ಲೆಕ್ಕ ಹೆಚ್ಚಿಸಲು. ಒಂದೇ ಹದಮಳೆ ಕೊಟ್ಟು ರಾಗಿ ಯಾಕೆ ಬೆಳೆಯಲಿಲ್ಲ ಎಂದು ಹೊಲವನ್ನು ಬೈದಂತೆ, ಒಂದು ಪಂದ್ಯ ಕೊಟ್ಟು ಹುಡುಗರ ಯೋಗ್ಯತೆ ಅಳೆಯುತ್ತೇವೆ.

ಇನ್ನು ಒಗ್ಗುವ, ಒಗ್ಗದ ಮಾತು. ಮೈಸೂರು ರಾಜ್ಯ 1946–47, 1952–53, 1967–68, 1968–69ರಲ್ಲಿ ರಾಜ್ಯಗಳ ನಡುವಿನ ಫುಟ್‌ಬಾಲ್ ಪಂದ್ಯಾವಳಿ ಸಂತೋಷ್ ಟ್ರೋಫಿ ಗೆದ್ದಿತ್ತು. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ವಿರುದ್ಧ ಭಾರತದ ಗೋಲು ಹೊಡೆದ ಎಸ್. ರಾಮನ್ ಬೆಂಗಳೂರಿನವರು. 1968–69ರ ಗೆಲುವಿನ ಆಮೇಲೆ ಮಾತ್ರ ಐದು ದಶಕ ಮೀರಿದ ಬರಗಾಲ. 2023ರ ಮಾರ್ಚ್‌ನಲ್ಲಿ ರಿಯಾದ್‌ನಲ್ಲಿ ಮೇಘಾಲಯವನ್ನು 3–2ರಿಂದ ಸೋಲಿಸಿ ಕರ್ನಾಟಕ ಮತ್ತೆ ಆ ಕಪ್ ಎತ್ತಿತು.

"ಅದು ಬೆಂಗಳೂರಿನ ಕಥೆ, ಅದೂ ದಂಡಿನ (ಕಂಟೋನ್ಮೆಂಟ್) ಕಡೆಯದು" ಎನ್ನುತ್ತೀರಿ. ನಿಜ, ಒಪ್ಪುವ ಮಾತೇ. ಆಸ್ಟಿನ್ ಟೌನ್, ಗೌತಮಪುರದಂಥ ಬಡಾವಣೆಗಳು ಆ ಆಟಗಾರರನ್ನು ಕೊಟ್ಟವು. ಗೌತಮಪುರದಲ್ಲಿ ಪೆಲೆಯ ಪ್ರತಿಮೆಯೇ ಇದೆ. ಆದರೆ ಅವು ಸಿರಿವಂತರ ಬಡಾವಣೆಗಳಲ್ಲ. ಅಲ್ಲಿದ್ದದ್ದು ನಡೆದು ಹೋಗುವಷ್ಟು ದೂರದಲ್ಲಿ ಮೈದಾನ, ವರ್ಷವರ್ಷವೂ ಲೀಗ್ ಪಂದ್ಯಗಳು, ಚೆನ್ನಾಗಿ ಆಡಿದರೆ ಐಟಿಐ, ಎಚ್‌ಎಎಲ್‌ನಂಥ ಕಾರ್ಖಾನೆಗಳಲ್ಲಿ ಕೆಲಸ. ಈ ಮೂರರಲ್ಲಿ ಯಾವುದು ದೊಡ್ಡಬಳ್ಳಾಪುರದ ಹುಡುಗನಿಗಿದೆ?

ಮೈದಾನದ ಮಾತನ್ನು ರೈತರ ಲೆಕ್ಕದಲ್ಲೇ ಹೇಳೋಣ. ಫುಟ್‌ಬಾಲ್ ನಿಯಮ ಒಪ್ಪುವ ಅತಿ ಚಿಕ್ಕ ಅಂಕಣ 90 ಮೀಟರ್ ಉದ್ದ, 45 ಮೀಟರ್ ಅಗಲ. ಹೆಚ್ಚುಕಡಿಮೆ ಸರಿಯಾಗಿ ಒಂದು ಎಕರೆ. ದೊಡ್ಡ ಪಂದ್ಯಗಳ 105–68ರ ಅಳತೆಗೆ ಒಂದು ಎಕರೆ ಮೂವತ್ತು ಗುಂಟೆ ಬೇಕು. ವಾಲಿಬಾಲ್‌ಗೆ ಸುತ್ತಲಿನ ಖಾಲಿ ಜಾಗ ಸೇರಿಸಿದರೂ ನಾಲ್ಕು ಗುಂಟೆ ಮೀರದು. ಕಬಡ್ಡಿಗೆ ಇನ್ನೂ ಕಡಿಮೆ. 2008ರಲ್ಲಿ ದೇವನಹಳ್ಳಿಯಲ್ಲಿ ವಿಮಾನ ಹಾರಿದ ಮೇಲೆ ಈ ಸೀಮೆಯಲ್ಲಿ ಒಂದೆಕರೆ ಎಂದರೆ ಏನೆಂದು ರಾಜಘಟ್ಟದವರಿಗೆ ಯಾರೂ ಹೇಳಿಕೊಡಬೇಕಿಲ್ಲ. ಕೈಗಾರಿಕಾ ಪ್ರದೇಶ, ಲೇಔಟು, ರಿಂಗ್ ರೋಡು ಎಲ್ಲಕ್ಕೂ ಜಾಗ ಬೇಕು. ಹಾಗಾಗಿ ವಾಲಿಬಾಲ್ ಹಳ್ಳಿಯ ಅಭಿರುಚಿ ಎನ್ನುವುದು ಅರ್ಧ ಸತ್ಯ. ಉಳಿದರ್ಧ, ಅದು ಉಳಿದ ಜಾಗದಲ್ಲಿ ಹಿಡಿಸುವ ಆಟ. ಕ್ರಿಕೆಟ್ಟಿನ ಮೇಲೆ ಗೂಬೆ ಕೂರಿಸುವವರಿಗೂ ಇದೇ ಉತ್ತರ: ರಸ್ತೆಯಲ್ಲೋ ಓಣಿಯಲ್ಲೋ ಮೂರು ಕಡ್ಡಿ ನೆಟ್ಟು ಆಡಬಹುದಾದ್ದರಿಂದ ಅದು ಬದುಕಿದೆ.

ಹೊತ್ತಿನದೂ ಒಂದು ತೊಡಕು. ಅಭ್ಯಾಸಕ್ಕೆ ಒಳ್ಳೆಯ ಸಮಯ ಬೆಳಗಿನ ಜಾವ, ಸಂಜೆ. ಅದೇ ಹೊತ್ತಿಗೆ ಹಸು ಕರೆದು ಡೈರಿಗೆ ಹಾಲು ಹಾಕಬೇಕು. ಕೆಲವರು ಸಂಜೆ ಮಗ್ಗದ ಕೆಲಸಕ್ಕೆ ಹೋಗಬೇಕು. "ಅಭ್ಯಾಸಕ್ಕೆ ಬರಲ್ಲ, ಶಿಸ್ತಿಲ್ಲ" ಎಂದು ಬೈಯುವ ಕಾಲೇಜಿನ ದೈಹಿಕ ಶಿಕ್ಷಣ ನಿರ್ದೇಶಕ, ಪಿ.ಡಿ. ಸಾರ್‌ಗೆ ಇದು ಗೊತ್ತಿಲ್ಲವೆಂದಲ್ಲ. ವೇಳಾಪಟ್ಟಿ ಬದಲಿಸುವುದು ಅವರೊಬ್ಬರ ಕೈಯಲ್ಲಿಲ್ಲ.

ಜಾಗಕ್ಕೆ ದಾರಿಯೇ ಇಲ್ಲವೆಂದಲ್ಲ. ಕೇರಳದ ಮಲಪ್ಪುರಂ ಕಡೆ ಕೊಯ್ಲಾದ ಗದ್ದೆಗಳಲ್ಲೇ ಏಳು ಜನರ ಸೆವೆನ್ಸ್ ಫುಟ್‌ಬಾಲ್ ಬೆಳೆಯಿತು. ಅಂಕಣ ಚಿಕ್ಕದು, ಪಂದ್ಯಗಳು ತಿಂಗಳುಗಟ್ಟಲೆ. ನಮ್ಮಲ್ಲೂ ರಾಗಿ ಕೊಯ್ಲಾಗಿ ಮುಂದಿನ ಮಳೆಯವರೆಗೆ ಹೊಲ ಬರಿದೇ ಬಿದ್ದಿರುತ್ತದೆ. ನೆಲ ಗಟ್ಟಿ, ಕೂಳೆ ಚುಚ್ಚುತ್ತದೆ, ಒಪ್ಪಿದೆ. ಆದರೂ ಯಾರಾದರೂ ಒಂದು ಬೇಸಿಗೆ ನೆಲ ಹಸನು ಮಾಡಿ ನೋಡಬಹುದಲ್ಲ.

ನಾಕೌಟ್ ಬದಲು ಲೀಗ್ ಆಡಿಸಿ ಎಂದರೆ ಖರ್ಚು, ಹಾಜರಾತಿ, ಸೆಮಿಸ್ಟರ್ ಪರೀಕ್ಷೆ ಎಂಬ ಆಕ್ಷೇಪ ಬರುತ್ತದೆ. ಶೇ 75 ಹಾಜರಾತಿ ಎಂಬ ಕತ್ತಿ ನೇತಾಡುತ್ತಲೇ ಇರುತ್ತದೆ. ಅದಕ್ಕೇ ಪೂರ್ಣ ಲೀಗ್ ಕೇಳುತ್ತಿಲ್ಲ. ಅದೇ 32 ತಂಡಗಳನ್ನು ನಾಲ್ಕರಂತೆ ಎಂಟು ಗುಂಪು ಮಾಡಿ. ಹತ್ತಿರದ ಕಾಲೇಜುಗಳು ಒಂದು ಗುಂಪಿಗೆ ಬರಲಿ, ಬೆಳಿಗ್ಗೆ ಬಸ್ಸು ಹತ್ತಿ ಸಂಜೆ ಹಾಲಿನ ಹೊತ್ತಿಗೆ ಮನೆ ಸೇರುವಷ್ಟು ದೂರದಲ್ಲಿ, ಶನಿವಾರಗಳಂದು. ಗುಂಪಿನ ಹಂತಕ್ಕೆ 48 ಪಂದ್ಯ, ಗೆದ್ದ ಎಂಟು ತಂಡಗಳ ನಾಕೌಟ್‌ಗೆ 7. ಒಟ್ಟು 55. ಈಗಿನದಕ್ಕಿಂತ 24 ಹೆಚ್ಚು ಅಷ್ಟೆ, ಆದರೆ ಪ್ರತಿ ತಂಡಕ್ಕೂ ಕನಿಷ್ಠ ಮೂರು ಪಂದ್ಯ ಖಾತ್ರಿ. ವಿಶ್ವವಿದ್ಯಾಲಯದ ತಂಡ ಆರಿಸುವವರಿಗೂ ಹುಡುಗರನ್ನು ಮೂರು ಸಲ ನೋಡುವ ಅವಕಾಶ.

ಕ್ರೀಡಾ ವಿಭಾಗಗಳವರು ಮುಂದಿನ ಸುತ್ತೋಲೆ ಹೊರಡಿಸುವ ಮುಂಚೆ ಈ ಲೆಕ್ಕವನ್ನೊಮ್ಮೆ ಹಾಕಿ ನೋಡಲಿ. ಅಲ್ಲಿಯವರೆಗೆ ಹಳ್ಳಿ ಹುಡುಗರಿಗೆ ಫುಟ್‌ಬಾಲ್ ಒಗ್ಗಲ್ಲ ಎಂಬ ಷರಾ ಬರೆಯುವುದನ್ನಾದರೂ ನಿಲ್ಲಿಸಲಿ.